ತೋಟದ ಋಣ

ಅಡಿಕೆ ಸಸಿ ನೆಟ್ಟವರು ಮೊದಲ ಕೊನೆ ಕಾಣಲು ಐದಾರು ವರ್ಷ ಕಾಯಬೇಕು. ಆಮೇಲೆ ಆ ಮರ 50 ವರ್ಷಕ್ಕೂ ಮೀರಿ ಫಲ ಕೊಟ್ಟೀತು. ಹೀಗಾಗಿ ನೆಡುವವರೊಬ್ಬರು, ಉಣ್ಣುವವರು ಇನ್ನೊಬ್ಬರು ಆಗುವುದು ಬಹುವಾರ್ಷಿಕ ಬೆಳೆಯಲ್ಲಿ ವಾಡಿಕೆಯೇ. ಹಾಗಾದರೆ ಉಂಡವರು ತೀರಿಸಬೇಕಾದದ್ದು ಯಾರ ಋಣ?

ತೈತ್ತಿರೀಯ ಸಂಹಿತೆ ಹೇಳುವುದು ಮೂರು ಋಣ: ಋಷಿಋಣ, ದೇವಋಣ, ಪಿತೃಋಣ. ಕೊನೆಯದು ತೀರುವುದು ಸಂತಾನದಿಂದ. ಮತ್ಸ್ಯಪುರಾಣ ಒಂದು ಮರವನ್ನು ಹತ್ತು ಮಕ್ಕಳಿಗೆ ಸಮವೆಂದು ಎಣಿಸಿದ್ದರಿಂದ ಗಿಡ ನೆಡುವುದೂ ಆ ಲೆಕ್ಕಕ್ಕೆ ಹತ್ತಿರ ಬಂತು. ಧರ್ಮಶಾಸ್ತ್ರಗಳು ಕೆರೆ, ಬಾವಿ, ತೋಪುಗಳನ್ನು ಪೂರ್ತವೆಂಬ ಪುಣ್ಯಕಾರ್ಯಗಳ ಸಾಲಿಗೆ ಸೇರಿಸಿದವು. ಆದರೆ ತೋಪು ದಾರಿಹೋಕರದು. ತೋಟಕ್ಕೆ ಬೇಲಿಯಿದೆ, ಪಹಣಿಯಲ್ಲಿ ಹೆಸರಿದೆ. ಸ್ವಂತ ಮಕ್ಕಳಿಗೆಂದು ಅಡಿಕೆ ನೆಡುವುದು ಆಸ್ತಿಯ ಮಾತು. ಅದನ್ನು ಪೂರ್ತವೆನ್ನುವುದು ಕಷ್ಟ.

ತೋಟ ಯಾವುದನ್ನು ತಿಂದು ಬದುಕಿದೆ ಎಂದು ನೋಡಿದರೆ ಪ್ರಶ್ನೆಯ ದಿಕ್ಕೇ ಬದಲಾಗುತ್ತದೆ. ಉತ್ತರ ಕನ್ನಡದಲ್ಲಿ ಅಡಿಕೆ ತೋಟಗಳಿಗೆ ಸೊಪ್ಪಿನ ಬೆಟ್ಟ, ಅಂದರೆ ತೋಟಕ್ಕೆ ಸೊಪ್ಪು ತರುವ ಕಾಡು, ಸೇರಿಕೊಂಡಿದೆ. ಬ್ರಿಟಿಷರ ಕಾಲದ ಅರಣ್ಯ ವ್ಯವಸ್ಥೆಯಲ್ಲಿ ಎಕರೆ ತೋಟಕ್ಕೆ 9 ಎಕರೆವರೆಗೂ ಬೆಟ್ಟದ ಸವಲತ್ತು ಸಿಕ್ಕಿತ್ತು. ಮತ್ತಿ, ಹೊನ್ನೆಗಳ ಹಸಿಸೊಪ್ಪು, ಬೇಸಿಗೆಯಲ್ಲಿ ಗುಡಿಸಿ ತಂದ ಒಣ ಎಲೆಯ ದರಕು ಕೊಟ್ಟಿಗೆಗೆ ಹೋಗಿ, ದನದ ಕಾಲಡಿ ಸಗಣಿ ಗಂಜಲದಲ್ಲಿ ನೆನೆದು, ಗೊಬ್ಬರವಾಗಿ ಮರದ ಬುಡ ಸೇರುತ್ತದೆ. ಅಡಿಕೆಯ ಜೊತೆಗೆ ಮರಕ್ಕೆ ಹಬ್ಬಿದ ಕಾಳುಮೆಣಸು, ನೆರಳಲ್ಲಿರುವ ಏಲಕ್ಕಿ, ನಡುವಿನ ಬಾಳೆ ಎಲ್ಲವೂ ಬೆಳೆಯುವುದು ಆ ಬೆಟ್ಟದ ಎಲೆಯಿಂದಲೇ.

ಈ ಸಾಲಕ್ಕೆ ಮೂರು ಋಣಗಳ ಪಟ್ಟಿಯಲ್ಲಿ ಜಾಗವಿಲ್ಲ. ಪಂಚಮಹಾಯಜ್ಞಗಳಲ್ಲಿ ಒಂದಾದ ಭೂತಯಜ್ಞ ಸ್ವಲ್ಪ ಹತ್ತಿರ ಬರುತ್ತದೆ. ಅಡುಗೆಯ ಒಂದು ಪಾಲನ್ನು ಸಕಲ ಜೀವಿಗಳಿಗೆ ಎತ್ತಿಡುವ ಕರ್ಮವದು. ಅನ್ನದ ತುತ್ತಿಗಷ್ಟೇ ಅದನ್ನು ಕಟ್ಟಿಹಾಕಿದರೆ ಬೆಟ್ಟಕ್ಕೇನೂ ಸಿಗದು. ಬೆಟ್ಟಕ್ಕೆ ಸಲ್ಲಬೇಕಾದದ್ದು ಕತ್ತಿ ಹಿಡಿದವರ ಕೈಯಲ್ಲಿದೆ: ಸೊಪ್ಪು ಕಡಿಯುವಾಗ ತುದಿ ಉಳಿಸಬೇಕು, ಒಂದು ಮರವನ್ನು ವರ್ಷ ವರ್ಷವೂ ಬೋಳಿಸಬಾರದು, ಚಿಗುರುವಷ್ಟು ಬಿಡುವು ಕೊಡಬೇಕು. ಈ ಕಟ್ಟುಪಾಡು ಸಡಿಲವಾದ ಕಡೆ ಬೆಟ್ಟ ಬೋಳಾಗಿ ಹುಲ್ಲುಗಾವಲಾಗಿದೆ, ಪಕ್ಕದ ತೋಟ ಹಸಿರಾಗಿದ್ದರೂ.

ಹಾಗಾಗಿ ಬಹುವಾರ್ಷಿಕ ಬೆಳೆಯೆಂದ ಮಾತ್ರಕ್ಕೆ ಅದು ಧರ್ಮಕ್ಕೆ ಸಲ್ಲುವ ಕೃಷಿಯಾಗದು. ಉಳುಮೆ ತಪ್ಪುತ್ತದೆ, ಬೇರು ಮಣ್ಣು ಹಿಡಿಯುತ್ತದೆ, ಇದೆಲ್ಲ ನಿಜ. ಆದರೆ ಚಿತ್ರದುರ್ಗ, ದಾವಣಗೆರೆಗಳ ಬಯಲಲ್ಲಿ ಕೊಳವೆಬಾವಿ ನಂಬಿ ಎದ್ದ ಅಡಿಕೆ ತೋಟಗಳಿಗೆ ಬೆಟ್ಟವಿಲ್ಲ. ಅಲ್ಲಿ ಸಾಲ ಕೊಟ್ಟಿರುವುದು ಅಂತರ್ಜಲ. ಮಳೆ ಇಂಗಿ ತುಂಬುವುದಕ್ಕಿಂತ ಹೆಚ್ಚು ನೀರೆತ್ತಿದ ಕಡೆ, ಅಜ್ಜ ನೆಟ್ಟ ಮರ ಮೊಮ್ಮಗನ ಕಾಲಕ್ಕೆ ಉಳಿದರೂ ಅದಕ್ಕೆ ಹನಿಸುವ ನೀರು ಉಳಿದಿರುತ್ತದೆಂಬ ಭರವಸೆಯಿಲ್ಲ.