ಒಡೆತನದ ಬೆಲೆ: ದೆಸಿಲು ಸಂಸ್ಥೆಯ ಏಳುಬೀಳು

ಕೂಲಿಯಾಳಿಗೂ ಒಡೆಯನಿಗೂ ಇರುವ ಭೇದವು ಕೇವಲ ಸಂಪತ್ತಿನ ಭೇದವೆಂದು ಲೋಕವು ಸಾಮಾನ್ಯವಾಗಿ ಭಾವಿಸುತ್ತದೆ. ಸ್ವಲ್ಪ ವಿಚಾರಿಸಿ ನೋಡಿದರೆ ಅದಷ್ಟೇ ಅಲ್ಲವೆಂಬುದು ತಿಳಿಯುತ್ತದೆ. ಕೂಲಿಯಾಳು ಸಂಜೆಗೆ ತನ್ನ ಕೂಲಿಯನ್ನು ಪಡೆದೊಡನೆ ಆ ದಿನದ ಕೆಲಸದಿಂದ ಬಿಡುಗಡೆ ಹೊಂದುತ್ತಾನೆ. ಒಡೆಯನಿಗೆ ಆ ಬಿಡುಗಡೆಯಿಲ್ಲ. ಮಾಡಿದ ಕೆಲಸವು ಅವನ ಬೆನ್ನು ಬಿಡದೆ ಬರುತ್ತದೆ. ಅದರ ಫಲವೂ ಅವನದೇ, ಹೊಣೆಯೂ ಅವನದೇ. ಹೀಗಿರಲು, ತಾನು ಕಟ್ಟಿದ್ದನ್ನು ಒಂದು ಬೆಲೆಗೆ ಕೊಟ್ಟು ಹೊರಬೀಳುವವನು ಫಲವನ್ನಷ್ಟೇ ಮಾರುತ್ತಾನೆಯೋ, ಹೊಣೆಯನ್ನೂ ಮಾರಬಲ್ಲನೋ? ಯಾವುದರ ಸಲುವಾಗಿ ಕಟ್ಟಿದನೋ ಅದೇ ಕೈತಪ್ಪಿ ಹೋದಮೇಲೆ ಕಟ್ಟಿದ್ದನ್ನು ಹಿಡಿದುಕೊಂಡಿರುವುದು ಧರ್ಮವೋ, ಬಿಟ್ಟುಕೊಡುವುದು ಧರ್ಮವೋ? ಅಮೇರಿಕೆಯಲ್ಲಿ 1950ರಿಂದ 1967ರ ವರೆಗೆ ಬಾಳಿದ ದೆಸಿಲು ಎಂಬ ದೂರದರ್ಶನ ನಿರ್ಮಾಣ ಸಂಸ್ಥೆಯ ಚರಿತ್ರೆಯು ಈ ಪ್ರಶ್ನೆಗಳನ್ನು ಕಣ್ಣಿಗೆ ಕಟ್ಟುವಂತೆ ಎತ್ತಿ ತೋರಿಸುತ್ತದೆ.

ಆ ಹೆಸರೇ ಇಬ್ಬರ ಹೆಸರುಗಳ ಕೂಡಲು. ದೆಸಿ ಆರ್ನಾಜ್ ಕ್ಯೂಬಾ ದ್ವೀಪದ ಸಾಂತಿಯಾಗೊ ನಗರದಲ್ಲಿ 1917ರಲ್ಲಿ ಹುಟ್ಟಿದವನು. ತಂದೆ ಆ ಊರಿನ ಮೇಯರ್ ಆಗಿದ್ದನು. 1933ರ ಕ್ರಾಂತಿಯಲ್ಲಿ ಮನೆಮಾರು ಹೋಗಿ, ತಂದೆಮಗ ಇಬ್ಬರೂ ಬರಿಗೈಯಲ್ಲಿ ಅಮೇರಿಕೆಯ ಮಯಾಮಿಗೆ ಬಂದು ಬೀಳಬೇಕಾಯಿತು. ಅಲ್ಲಿ ಹಾಡುಬಜಾವಣೆಯಿಂದ ತಲೆಯೆತ್ತಿದನು. ಲೂಸಿಲ್ ಬಾಲ್ 1911ರಲ್ಲಿ ನ್ಯೂಯಾರ್ಕ್ ಸಂಸ್ಥಾನದ ಜೇಮ್ಸ್‌ಟೌನಿನಲ್ಲಿ ಹುಟ್ಟಿದಳು, ಹಾಲಿವುಡ್ಡಿನ ಆರ್.ಕೆ.ಓ. ಎಂಬ ಚಿತ್ರಸಂಸ್ಥೆಯಲ್ಲಿ ಸಂಬಳದ ನಟಿಯಾಗಿದ್ದಳು. 1940ರಲ್ಲಿ ಅದೇ ಆರ್.ಕೆ.ಓ.ದ ಒಂದು ಚಿತ್ರದಲ್ಲಿ ಇಬ್ಬರೂ ಕೂಡಿದರು. ಆ ವರ್ಷದ ನವೆಂಬರಿನಲ್ಲಿಯೇ ಮದುವೆಯಾದರು.

ಮದುವೆಯಾದರೂ ಸಂಸಾರ ಕೂಡಲಿಲ್ಲ. ಆತನು ತನ್ನ ವಾದ್ಯಮೇಳದೊಡನೆ ಊರೂರು ತಿರುಗುವವನು. ಆಕೆಯ ಕೆಲಸ ಹಾಲಿವುಡ್ಡಿನಲ್ಲಿ. 1944ರಲ್ಲಿಯೇ ಒಮ್ಮೆ ವಿಚ್ಛೇದನದ ಅರ್ಜಿಯವರೆಗೆ ಮಾತು ಹೋಗಿ, ಮತ್ತೆ ರಾಜಿಯಾಯಿತು. ಲೂಸಿಲ್ ಬಾಲ್ ರೇಡಿಯೋದಲ್ಲಿ ಗೃಹಿಣಿಯ ಪಾತ್ರ ವಹಿಸುತ್ತಿದ್ದ ಒಂದು ಹಾಸ್ಯಮಾಲೆಯನ್ನು ದೂರದರ್ಶನಕ್ಕೆ ತರಬೇಕೆಂದು ಸಿ.ಬಿ.ಎಸ್. ಎಂಬ ಪ್ರಸಾರ ಸಂಸ್ಥೆ ಕೇಳಿದಾಗ ಆಕೆ ಒಂದೇ ಕರಾರನ್ನು ಮುಂದಿಟ್ಟಳು: ಗಂಡನ ಪಾತ್ರವನ್ನು ತನ್ನ ಗಂಡನೇ ವಹಿಸಬೇಕು. ಹಾಗಾದರೆ ಆತ ಊರಲ್ಲಿ ಉಳಿಯುವನಲ್ಲವೆ! ಕ್ಯೂಬಾದ ಉಚ್ಚಾರವುಳ್ಳ ಗಂಡನನ್ನು ಅಮೇರಿಕೆಯ ಜನ ಒಪ್ಪಲಾರರೆಂದು ಅಧಿಕಾರಿಗಳು ಹಿಂಜರಿದರು. ದಂಪತಿಗಳು ವಾದಕ್ಕೆ ನಿಲ್ಲಲಿಲ್ಲ. 1950ರಲ್ಲಿ ದೆಸಿಲು ಸಂಸ್ಥೆಯನ್ನು ಸ್ಥಾಪಿಸಿ, ಊರೂರಿನ ರಂಗಮಂದಿರಗಳಲ್ಲಿ ಜೊತೆಯಾಗಿ ಪ್ರದರ್ಶನ ಕೊಟ್ಟು, ಜನ ಒಪ್ಪುತ್ತಾರೆಂಬುದನ್ನು ಜನರಿಂದಲೇ ತೋರಿಸಿಕೊಟ್ಟರು.

ಆದಕಾರಣ ಈ ಸಂಸ್ಥೆಯ ಮೂಲವು ಧನಾಶೆಯಲ್ಲ, ಮನೆ. ಒಂದು ಸಂಸಾರವನ್ನು ಒಂದೇ ಸೂರಿನಡಿ ನಿಲ್ಲಿಸಲು ಹೂಡಿದ ಉಪಾಯವಾಗಿತ್ತು ಅದು. ಮುಂದಿನದನ್ನೆಲ್ಲ ಈ ಬೆಳಕಿನಲ್ಲಿಯೇ ನೋಡಬೇಕು.

ಆ ಕಾಲದ ದೂರದರ್ಶನದ ರೀತಿಯನ್ನು ಇಲ್ಲಿ ಸ್ವಲ್ಪ ವಿವರಿಸುವುದು ಅವಶ್ಯ. ಬಹುಪಾಲು ಕಾರ್ಯಕ್ರಮಗಳು ನ್ಯೂಯಾರ್ಕಿನಲ್ಲಿ ಆಡಿದ ಹೊತ್ತಿಗೇ ಪ್ರಸಾರವಾಗುತ್ತಿದ್ದವು. ದೂರದ ಪಟ್ಟಣಗಳಿಗಾಗಿ, ಪರದೆಯ ಮೇಲೆ ಮೂಡಿದ ಚಿತ್ರವನ್ನೇ ಮತ್ತೊಂದು ಕ್ಯಾಮರಾದಿಂದ ಹಿಡಿದು ಆ ಪ್ರತಿಯನ್ನು ಕಳುಹುತ್ತಿದ್ದರು. ಅದು ಮಸಕು ಮಸಕಾಗಿ ಕಾಣುತ್ತಿತ್ತು. ಆಟ ಮುಗಿದರೆ ಮುಗಿಯಿತು, ನೀರಿನ ಮೇಲಿನ ಬರಹ. ಕಾರ್ಯಕ್ರಮದ ಖರ್ಚನ್ನು ಹೊತ್ತಿದ್ದ ಫಿಲಿಪ್ ಮಾರಿಸ್ ಸಿಗರೇಟು ಕಂಪನಿಗೆ ತನ್ನ ಗಿರಾಕಿಗಳು ಹೆಚ್ಚಾಗಿದ್ದ ಪೂರ್ವಭಾಗದಲ್ಲಿ ಚಿತ್ರ ಸ್ಪಷ್ಟವಾಗಿ ಕಾಣಬೇಕಾಗಿತ್ತು, ಆದ್ದರಿಂದ ದಂಪತಿಗಳು ನ್ಯೂಯಾರ್ಕಿಗೆ ಬರಬೇಕೆಂದು ಪಟ್ಟು ಹಿಡಿಯಿತು. ಇವರಿಗೆ ಹಾಲಿವುಡ್ಡಿನ ಮನೆ ಬಿಡುವ ಮನಸ್ಸಿಲ್ಲ. ಚಲಚ್ಚಿತ್ರದಂತೆ ಫಿಲ್ಮಿನ ಮೇಲೆಯೇ ತೆಗೆದು ಕಳುಹಿಸಿದರೆ ಎಲ್ಲ ಊರಿಗೂ ಒಂದೇ ಸ್ಪಷ್ಟತೆ ಬರುವುದೆಂದು ಆರ್ನಾಜ್ ಸೂಚಿಸಿದನು. ಅದಕ್ಕೆ ಖರ್ಚು ಹೆಚ್ಚು. ಆ ಹೆಚ್ಚಿನ ಖರ್ಚಿಗೆ ಪ್ರತಿಯಾಗಿ ದಂಪತಿಗಳು ವಾರಕ್ಕೆ 1000 ಡಾಲರು ಸಂಬಳ ಕಡಿತಕ್ಕೆ ಒಪ್ಪಿದರು. ಒಂದು ಮಾತು ಮಾತ್ರ ಕೇಳಿದರು: ತೆಗೆದ ಚಿತ್ರಗಳ ಒಡೆತನ ದೆಸಿಲುವಿಗೆ ಸೇರಬೇಕು.

ಕೇಳಿದವರು ಸುಲಭವಾಗಿ ಒಪ್ಪಿದರು. ಒಮ್ಮೆ ತೋರಿಸಿದ ಆಟಕ್ಕೆ ಎರಡನೆಯ ಬೆಲೆಯುಂಟೆಂದು ಆಗ ಯಾರೂ ಎಣಿಸಿರಲಿಲ್ಲ. ಜರ್ಮನಿಯಲ್ಲಿ 1927ರ ‘ಮೆಟ್ರೊಪೊಲಿಸ್’ ಚಿತ್ರಕ್ಕೆ ಛಾಯಾಗ್ರಾಹಕರಲ್ಲೊಬ್ಬನಾಗಿದ್ದ ಕಾರ್ಲ್ ಫ್ರಾಯಿಂಡ್‌ನನ್ನು ಕರೆಸಿ, ಎದುರಿಗೆ ನೂರಾರು ಪ್ರೇಕ್ಷಕರನ್ನು ಕುಳ್ಳಿರಿಸಿ, ಮೂರು ಕ್ಯಾಮರಾಗಳಿಂದ ಏಕಕಾಲಕ್ಕೆ ಚಿತ್ರಿಸುವ ಪದ್ಧತಿಯನ್ನು ಸಿದ್ಧಗೊಳಿಸಿದರು. ಮೂರು ಕೋನಗಳಿಗೂ ಒಪ್ಪುವಂತೆ ದೀಪಗಳನ್ನು ಒಮ್ಮೆಗೇ ಜೋಡಿಸುವುದು ಸಾಮಾನ್ಯವಾದ ಕುಶಲತೆಯಲ್ಲ. ‘ಐ ಲವ್ ಲೂಸಿ’ 1951ರ ಅಕ್ಟೋಬರ್ 15ರಂದು ಮೊದಲು ಪ್ರಸಾರವಾಯಿತು. 1957ರ ವರೆಗೆ ಹಾಗೆ 180 ಕಥೆಗಳು ಬಂದವು. ಅವೇ ಮತ್ತೆ ಮತ್ತೆ ತೋರಿಸಲ್ಪಟ್ಟು ಹಣ ತಂದವು. ಇಂದಿಗೂ ಹಾಸ್ಯಮಾಲೆಗಳು ಆ ಮೂರು ಕ್ಯಾಮರಾಗಳ ಪದ್ಧತಿಯನ್ನು ಅನುಸರಿಸುವುದುಂಟು.

ಇದನ್ನು ದೂರದೃಷ್ಟಿಯೆಂದು ಹೊಗಳುವುದು ವಾಡಿಕೆ. ಆ ಹೊಗಳಿಕೆ ಅರ್ಧ ಸತ್ಯ. ಮನೆ ಬಿಡಲೊಲ್ಲೆವೆಂಬ ಹಟದಿಂದ ಹುಟ್ಟಿದ್ದನ್ನು ಲಾಭದ ಲೆಕ್ಕದಿಂದ ಹುಟ್ಟಿದ್ದೆಂದು ವ್ಯಾಪಾರಶಾಸ್ತ್ರದವರು ಅನಂತರ ಓದಿಕೊಂಡರು. ಇಂದಿನ ಕೂಲಿಯಲ್ಲಿ ಒಂದು ಪಾಲನ್ನು ಬಿಟ್ಟು ತಾನು ಮಾಡಿದ ಕೆಲಸವನ್ನು ತನ್ನದಾಗಿ ಉಳಿಸಿಕೊಳ್ಳುವವನು ಆ ಕೆಲಸದಲ್ಲಿ ನಂಬಿಕೆಯಿಟ್ಟವನು. ನಂಬಿಕೆ ಮೊದಲು, ಲಾಭ ಅದರ ಹಿಂದೆ ಬಂದ ನೆರಳು. ಈ ಕ್ರಮವನ್ನು ತಲೆಕೆಳಗು ಮಾಡಿ ಅನುಕರಿಸಿದವರು ಎಷ್ಟೋ ಮಂದಿ. ಅವರ ಹೆಸರುಗಳು ಉಳಿದಿಲ್ಲ.

1953ರ ಜನವರಿ 19ರ ಪ್ರಸಂಗವನ್ನು ಬಿಡಲಾಗದು. ಲೂಸಿಲ್ ಬಾಲ್ ನಿಜವಾಗಿಯೂ ಬಸುರಿಯಾದಾಗ ಕಥೆಯ ಲೂಸಿಯನ್ನೂ ಬಸುರಿಯಾಗಿಸಿದರು. ಬಸುರೆಂಬ ಪದವನ್ನು ದೂರದರ್ಶನದಲ್ಲಿ ಉಚ್ಚರಿಸಬಾರದೆಂದು ಸಿ.ಬಿ.ಎಸ್. ತಡೆಯಿತು. ಒಬ್ಬ ಕ್ಯಾಥೊಲಿಕ್ ಪಾದ್ರಿ, ಒಬ್ಬ ಪ್ರೊಟೆಸ್ಟಂಟ್ ಪಾದ್ರಿ, ಒಬ್ಬ ಯಹೂದಿ ಧರ್ಮಗುರು, ಈ ಮೂವರಿಂದ ಬರಹವನ್ನು ಪರೀಕ್ಷೆ ಮಾಡಿಸಿದರು. ತಾಯ್ತನದಲ್ಲಿ ಅಶ್ಲೀಲವೇನೆಂದು ಆ ಮೂವರಿಗೂ ಕಾಣಲಿಲ್ಲವೆಂಬುದು ಅವರ ಪಾಲಿಗೆ ಶೋಭೆಯ ಮಾತು. ಕಥೆಯಲ್ಲಿ ಮಗು ಹುಟ್ಟಿದ ದಿನವೇ ಆಕೆಗೆ ನಿಜವಾಗಿಯೂ ಮಗ ಹುಟ್ಟಿದನು. ಸುಮಾರು 4 ಕೋಟಿ 40 ಲಕ್ಷ ಜನ ಅಂದು ಆ ಕಥೆಯನ್ನು ನೋಡಿದರೆಂದು ಅಂದಾಜು.

ಅಲ್ಲಿಗೆ ಮನೆಗೂ ಪರದೆಗೂ ನಡುವಿದ್ದ ಗೋಡೆ ಇಲ್ಲದಾಯಿತು. ಲೋಕಕ್ಕೆ ಅದು ಆಟವಲ್ಲ, ಆ ದಂಪತಿಗಳ ಬಾಳೇ ಆಗಿ ಕಂಡಿತು. ನಡೆ ನುಡಿ ಒಂದಾಗಿರಬೇಕೆಂಬುದು ಶರಣರ ಕಟ್ಟಳೆ. ನಟನಿಗೆ ಈ ಕಟ್ಟಳೆ ಅನ್ವಯಿಸುವುದಿಲ್ಲವೆಂದು ಹೇಳಬಹುದು. ಅರಸನ ವೇಷ ಹಾಕಿದವನು ಮನೆಯಲ್ಲಿ ಅರಸನಾಗಿರಬೇಕಿಲ್ಲ, ನೋಡುವವನಿಗೂ ಅದು ಗೊತ್ತು. ಆದರೆ ತನ್ನ ಗಂಡನೊಡನೆ ಹೆಂಡತಿಯಾಗಿಯೇ ವೇಷ ಹಾಕಿದವಳ ಸ್ಥಿತಿ ಬೇರೆ. ಅಲ್ಲಿ ನೋಡುವವನು ಕಲೆಯೊಡನೆ ಒಂದು ಸಾಕ್ಷ್ಯವನ್ನೂ ಸ್ವೀಕರಿಸುತ್ತಾನೆ.

ಕೆಲಸ ಬೆಳೆಯುತ್ತ ಹೋಯಿತು. ತಮ್ಮ ಕಾರ್ಯಕ್ರಮವಲ್ಲದೆ ಪರರ ಕಾರ್ಯಕ್ರಮಗಳನ್ನೂ ದೆಸಿಲು ಚಿತ್ರಿಸತೊಡಗಿತು. ಬೆಳೆದದ್ದಕ್ಕೆ ಜಾಗ ಬೇಕಾಯಿತು. ಕೂಲಿ ಬಿಟ್ಟು ಸಂಪಾದಿಸಿದ್ದ ಆ ‘ಲೂಸಿ’ ಚಿತ್ರಗಳ ಒಡೆತನವನ್ನೇ ಹಲವು ದಶಲಕ್ಷ ಡಾಲರುಗಳಿಗೆ ಸಿ.ಬಿ.ಎಸ್.ಗೆ ಮಾರಿದರು. 1957ರ ಕೊನೆಗೆ 60 ಲಕ್ಷ ಡಾಲರಿಗೂ ಮಿಕ್ಕ ಬೆಲೆ ಕೊಟ್ಟು ಆರ್.ಕೆ.ಓ.ದ ಸ್ಟುಡಿಯೋಗಳನ್ನು ಕೊಂಡರು. ಸಂಬಳಕ್ಕೆ ನಿಂತಿದ್ದ, ಪರಸ್ಪರ ಮೊದಲು ಕಂಡ ಸಂಸ್ಥೆಯ ನೆಲವೇ ತಮ್ಮದಾಯಿತು. ಹೊರಗಿನವರ ಕಣ್ಣಿಗೆ ಇದು ಶಿಖರ. ಒಳಹೊಕ್ಕು ನೋಡಿದರೆ ಇಳಿಜಾರು ಇಲ್ಲಿಂದಲೇ ಮೊದಲಾಗುತ್ತದೆ. ಮೊದಲಿನ ಒಡೆತನ ತಾವು ಮಾಡಿದ್ದರ ಮೇಲಿನದು. ಎರಡನೆಯದು ಗೋಡೆ, ನೆಲ, ಯಂತ್ರಗಳ ಮೇಲಿನದು. ಮೊದಲಿನದಕ್ಕೆ ಕಾವಲು ಬೇಕಿರಲಿಲ್ಲ. ಎರಡನೆಯದು ಪ್ರತಿದಿನ ಮೇವು ಕೇಳುತ್ತದೆ; ನೂರಾರು ಜನರ ಸಂಬಳ ಪ್ರತಿವಾರ ಹುಟ್ಟಬೇಕು. 1958ರಲ್ಲಿ ಷೇರುಗಳನ್ನು ಸಾರ್ವಜನಿಕರಿಗೆ ಮಾರಿದಮೇಲೆ ಅಪರಿಚಿತರ ಹಣದ ಹೊಣೆಯೂ ಹೆಗಲೇರಿತು. ಮನೆಯಲ್ಲಿರುವ ಸಲುವಾಗಿ ಕಟ್ಟಿದ್ದು ಯಜಮಾನನನ್ನು ಮನೆಯಿಂದ ಹೊರಗೇ ಇರಿಸಿತು. ಆರ್ನಾಜ್ ಕುಡಿತಕ್ಕೆ ಬಲಿಬಿದ್ದನು. ಇದನ್ನು ಆತನು 1976ರ ತನ್ನ ಆತ್ಮಕಥೆಯಲ್ಲಿ ಮುಚ್ಚಿಟ್ಟಿಲ್ಲ.

1960ರ ಮಾರ್ಚ್ ಮೊದಲ ವಾರದಲ್ಲಿ ಇಬ್ಬರೂ ಜೊತೆಯಾಗಿ ನಟಿಸಿದ ಕಡೆಯ ಕಥೆಯ ಚಿತ್ರೀಕರಣ ಮುಗಿಯಿತು. ಮರುದಿನವೇ ಲೂಸಿಲ್ ಬಾಲ್ ವಿಚ್ಛೇದನಕ್ಕೆ ಅರ್ಜಿ ಹಾಕಿದಳು. ಆ ಕಥೆ ಪ್ರಸಾರವಾದದ್ದು ಏಪ್ರಿಲ್ 1ರಂದು. ಅರ್ಜಿಯ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿದ್ದ ಜನರೇ ಅದೇ ದಂಪತಿಗಳ ನಗೆಯಾಟವನ್ನು ಪರದೆಯ ಮೇಲೆ ನೋಡಿದರು. ಇದು ವಂಚನೆಯೇ? ಆ ಕೆಲಸವನ್ನು ಅರ್ಧಕ್ಕೆ ಬಿಟ್ಟಿದ್ದರೆ ಕೆಲಸಗಾರರಿಗೆ, ಕೊಟ್ಟ ಮಾತಿಗೆ ಮೋಸವಾಗುತ್ತಿತ್ತು. ಮುಗಿಸಿದ್ದರಿಂದ ನೋಡುಗರ ನಂಬಿಕೆಗೆ ಮೋಸವಾಯಿತು. ಎರಡರಲ್ಲಿ ಮೊದಲನೆಯದೇ ದೊಡ್ಡದೆಂದು ಅವರು ಎಣಿಸಿದರು. ಎದೆಯಲ್ಲಿ ಬೆಂಕಿಯಿಟ್ಟುಕೊಂಡು ನಗಿಸುವುದೂ ಒಂದು ತೆರನ ಕಾಯಕವೆಂಬ ಮಾತನ್ನು ತಳ್ಳಿಹಾಕುವುದು ಕಷ್ಟ. ಆದರೆ ಮನೆಯ ಹೆಸರಿನಲ್ಲಿ ವ್ಯಾಪಾರ ನಡೆಯುವಾಗ ಮನೆ ಮುರಿದರೂ ವ್ಯಾಪಾರ ನಿಲ್ಲಲೊಲ್ಲದೆಂಬ ಸತ್ಯ ಅಂದು ಬಯಲಿಗೆ ಬಂದಿತು.

ಮುರಿದ ಮೇಲೂ ಹೆಸರು ದೆಸಿಲು ಎಂದೇ ಉಳಿಯಿತು. 1962ರ ಕೊನೆಯಲ್ಲಿ ಲೂಸಿಲ್ ಬಾಲ್ ಸುಮಾರು 25 ಲಕ್ಷ ಡಾಲರು ಕೊಟ್ಟು ಆರ್ನಾಜನ ಪಾಲನ್ನು ಕೊಂಡು ಸಂಸ್ಥೆಯ ಅಧ್ಯಕ್ಷೆಯಾದಳು. ಅಷ್ಟು ದೊಡ್ಡ ಸ್ಟುಡಿಯೋವನ್ನು ಅಂದಿನ ಹಾಲಿವುಡ್ಡಿನಲ್ಲಿ ಮತ್ತಾವ ಹೆಂಗಸೂ ಆಳುತ್ತಿರಲಿಲ್ಲ. ಆಡಳಿತದಲ್ಲಿ ಆಕೆಗೆ ರುಚಿಯಿರಲಿಲ್ಲ, ನಟನೆಯಲ್ಲಿಯೇ ಇತ್ತು. ಆದರೂ ಹೆಚ್ಚು ಖರ್ಚಿನ ಎರಡು ಮಾಲೆಗಳಿಗೆ ಆಕೆಯ ಕಾಲದಲ್ಲಿಯೇ ಒಪ್ಪಿಗೆ ದೊರಕಿತು: ಜೀನ್ ರಾಡನ್‌ಬೆರಿಯ ‘ಸ್ಟಾರ್ ಟ್ರೆಕ್’ ಮತ್ತು ಬ್ರೂಸ್ ಗೆಲ್ಲರನ ‘ಮಿಷನ್ ಇಂಪಾಸಿಬಲ್’. ಮೊದಲನೆಯದರ ಮಾದರಿ ಚಿತ್ರವನ್ನು ಎನ್.ಬಿ.ಸಿ. ಪ್ರಸಾರ ಸಂಸ್ಥೆ ತಿರಸ್ಕರಿಸಿ, ಎರಡನೆಯ ಮಾದರಿಯನ್ನು ಕೇಳಿತು. ಅದನ್ನೂ ತೆಗೆದರು. 1966ರ ಸೆಪ್ಟೆಂಬರಿನಲ್ಲಿ ಎರಡು ಮಾಲೆಗಳೂ ಹೊರಬಿದ್ದವು. ಪ್ರಸಾರ ಸಂಸ್ಥೆ ಕೊಡುವ ಹಣಕ್ಕಿಂತ ತಗಲುವ ಖರ್ಚೇ ಹೆಚ್ಚು. ಮರುಪ್ರಸಾರದ ಆದಾಯ ಬರುವತನಕ ನಷ್ಟ ಹೊರುವ ಶಕ್ತಿ ಬೇಕು. ಸಣ್ಣ ಬಂಡವಾಳದ ದೆಸಿಲುವಿಗೆ ಅದಿರಲಿಲ್ಲ.

1967ರಲ್ಲಿ ದೆಸಿಲುವನ್ನು ಗಲ್ಫ್ ಅಂಡ್ ವೆಸ್ಟರ್ನ್ ಎಂಬ ಭಾರಿ ವ್ಯಾಪಾರ ಮಂಡಲಿಗೆ ಸುಮಾರು 1 ಕೋಟಿ 70 ಲಕ್ಷ ಡಾಲರುಗಳಿಗೆ ಮಾರಲಾಯಿತು. ಆ ಮಂಡಲಿ ಹಿಂದಿನ ವರ್ಷವೇ ಪ್ಯಾರಾಮೌಂಟ್ ಚಿತ್ರಸಂಸ್ಥೆಯನ್ನು ಕೊಂಡಿತ್ತು. ಹಾಲಿವುಡ್ಡಿನ ಗೋವರ್ ಬೀದಿಯ ದೆಸಿಲು ಮತ್ತು ಪ್ಯಾರಾಮೌಂಟ್ ನೆರೆಹೊರೆಯವು. ನಡುವೆ ಇದ್ದದ್ದು ಒಂದು ಗೋಡೆ. ಅದನ್ನು ಕೆಡವಿದರು. ವರ್ಷ ಮುಗಿಯುವುದರೊಳಗೆ ದೆಸಿಲು ಎಂಬ ಹೆಸರು ಹೋಗಿ ಪ್ಯಾರಾಮೌಂಟ್ ಟೆಲಿವಿಷನ್ ಎಂದಾಯಿತು.

ಇದನ್ನು ಪತನವೆನ್ನಬೇಕೆ? ಸಾಲಗಾರರು ಬಾಗಿಲಿಗೆ ಬಂದಿರಲಿಲ್ಲ. ಮಾರಿದವಳು ಶ್ರೀಮಂತಳಾಗಿಯೇ ಹೊರಬಂದಳು, ಮರುವರ್ಷವೇ ತನ್ನದೇ ಚಿಕ್ಕ ಸಂಸ್ಥೆಯಿಂದ ಹೊಸ ಮಾಲೆ ಆರಂಭಿಸಿದಳು. ಲೆಕ್ಕದ ಪುಸ್ತಕದಲ್ಲಿ ಪತನದ ಗುರುತೇ ಇಲ್ಲ. ಲೆಕ್ಕದ ಪುಸ್ತಕ ಒಂದನ್ನು ಬರೆಯುವುದಿಲ್ಲ. ‘ಸ್ಟಾರ್ ಟ್ರೆಕ್’ 79 ಕಥೆಗಳಿಗೆ, 1969ರಲ್ಲಿ, ನಿಂತುಹೋಯಿತು. ಅನಂತರ ಮರುಪ್ರಸಾರದಿಂದಲೇ ಅದರ ಕೀರ್ತಿ ದೇಶದೇಶಗಳಿಗೆ ಹರಡಿತು, 1979ರಿಂದ ಚಲಚ್ಚಿತ್ರಗಳೂ ಬಂದವು. ಒಮ್ಮೆ ಆಡಿದ್ದಕ್ಕೆ ಎರಡನೆಯ ಬೆಲೆಯುಂಟೆಂಬುದನ್ನು ಅಮೇರಿಕೆಗೆ ಕಲಿಸಿಕೊಟ್ಟವರೇ ದೆಸಿಲುವಿನವರು. ಆ ಪಾಠದ ಅತಿ ದೊಡ್ಡ ಫಲ ಪರರ ಕಣಜಕ್ಕೆ ಹೋಯಿತು. ಹಾಗೆಂದು ಲೂಸಿಲ್ ಬಾಲಳನ್ನು ಅವಿವೇಕಿಯೆನ್ನುವುದು ನ್ಯಾಯವಲ್ಲ. ಯಾವ ಮನೆಯ ಸಲುವಾಗಿ ಒಡೆತನವನ್ನು ಬೇಡಿದ್ದರೋ ಆ ಮನೆ ಇಲ್ಲವಾಗಿ ಏಳು ವರ್ಷ ಕಳೆದಿತ್ತು. ಬೇರು ಒಣಗಿದ ಮರವನ್ನು ಏಳು ವರ್ಷ ಹೊತ್ತು ನಿಂತವಳು ಕೆಳಗಿಳಿಸಿದಳು. ಹೊಣೆಯನ್ನು ಕಳಚಿಕೊಂಡಳೆನ್ನುವುದಕ್ಕಿಂತ, ಹೊರಬಲ್ಲವರ ಹೆಗಲಿಗೆ ಒಪ್ಪಿಸಿದಳೆನ್ನುವುದು ಹೆಚ್ಚು ಸರಿಯಾಗಬಹುದು. ಆಕೆ ಹಿಡಿದುಕೊಂಡೇ ಇದ್ದು ಸಂಸ್ಥೆ ಮುಳುಗಿದ್ದರೆ ಆ ಎರಡು ಮಾಲೆಗಳೂ ಅದರೊಡನೆ ಮುಳುಗುತ್ತಿದ್ದವು.

1986ರ ಡಿಸೆಂಬರ್ 2ರಂದು ದೆಸಿ ಆರ್ನಾಜ್ ತೀರಿಕೊಂಡನು. ಐದು ದಿನಗಳ ತರುವಾಯ ವಾಷಿಂಗ್ಟನ್ನಿನ ಕೆನಡಿ ಕೇಂದ್ರದಲ್ಲಿ ಲೂಸಿಲ್ ಬಾಲಳಿಗೆ ಸನ್ಮಾನ ನಡೆಯಿತು. ಆ ಸಮಾರಂಭಕ್ಕೆಂದು ಆರ್ನಾಜ್ ಬರೆದಿಟ್ಟಿದ್ದ ಮಾತುಗಳನ್ನು, ಹಿಂದೆ ದೆಸಿಲುವಿನ ‘ದಿ ಅನ್‌ಟಚಬಲ್ಸ್’ ಮಾಲೆಯಲ್ಲಿ ನಾಯಕನಾಗಿದ್ದ ರಾಬರ್ಟ್ ಸ್ಟ್ಯಾಕ್ ಸಭೆಯಲ್ಲಿ ಓದಿದನು. ‘ಐ ಲವ್ ಲೂಸಿ’ಯ ಯಶಸ್ಸನ್ನು ಆತನು ಅದರಲ್ಲಿ ಪಾಲು ಮಾಡಿದ್ದನು: ನೂರಕ್ಕೆ ತೊಂಬತ್ತು ಲೂಸಿಗೆ, ಉಳಿದ ಹತ್ತನ್ನು ತನ್ನನ್ನೂ ಸೇರಿಸಿ ಮಿಕ್ಕವರೆಲ್ಲರಿಗೆ.