ಕತ್ತರಿಯ ಧರ್ಮ

ಸುಳ್ಳನ್ನಾಡದೆಯೇ ಅಸತ್ಯವನ್ನು ಹೇಳಲು ಸಾಧ್ಯವೆ? ಸಾಧ್ಯವೆಂಬುದನ್ನು ಸಾಕ್ಷ್ಯಚಿತ್ರದ ಸಂಕಲನಕಾರನು ಚೆನ್ನಾಗಿ ಬಲ್ಲನು. ಒಬ್ಬನು ತನ್ನ ದುಃಖವನ್ನು ತೋಡಿಕೊಳ್ಳುತ್ತಾನೆ. ಎದುರಿನವನು ಬೇರೊಂದು ಹೊತ್ತಿನಲ್ಲಿ, ಬೇರೊಂದು ಮಾತಿಗೆ ನಕ್ಕಿರುತ್ತಾನೆ. ಆ ಎರಡು ತುಣುಕುಗಳನ್ನು ಒತ್ತಟ್ಟಿಗೆ ಅಂಟಿಸಿದರೆ ನಕ್ಕವನು ನಿರ್ದಯಿಯಾಗಿಬಿಡುತ್ತಾನೆ. ತುಣುಕುಗಳೆರಡೂ ನಿಜ, ಬೆಸುಗೆ ಮಾತ್ರ ಸುಳ್ಳು.

ಹಾಗೆಂದು ಕತ್ತರಿಸುವುದೇ ದೋಷವೆನ್ನಲಾಗದು. ಚಿತ್ರಿಸಿದುದೆಲ್ಲವನ್ನೂ ತೋರಿಸಹೊರಟರೆ ನೋಡುವವರಾರು? ಬಿಡುವುದು ಅನಿವಾರ್ಯ, ಯಾವ ಬುದ್ಧಿಯಿಂದ ಬಿಡುತ್ತೇವೆಂಬುದೇ ವಿಚಾರಾರ್ಹ.

ಅಮೆರಿಕದ ಷಾರ್ಲೆಟ್ ಜ್ವೆರಿನ್ (1931–2004) ಅವರ ವೃತ್ತಿಜೀವನ ಈ ದೃಷ್ಟಿಯಿಂದ ಮನನಯೋಗ್ಯವಾದುದು. ಸಿ.ಬಿ.ಎಸ್. ದೂರದರ್ಶನದ ಸಾಕ್ಷ್ಯಚಿತ್ರ ಮಾಲೆಯೊಂದರ ಫಿಲ್ಮ್ ಭಂಡಾರದಲ್ಲಿ ದುಡಿದು, ಬಳಿಕ ಸಂಕಲನಕ್ಕೆ ಬಂದವರು ಅವರು. ಮನೆಮನೆಗೆ ಅಲೆದು ಬೈಬಲ್ ಮಾರುವ ನಾಲ್ವರನ್ನು ಕುರಿತು ಮೇಸಲ್ಸ್ ಸಹೋದರರು ತೆಗೆದ ‘ಸೇಲ್ಸ್‌ಮನ್’ (1969) ಚಿತ್ರವನ್ನು ಜೋಡಿಸುವಾಗ, ಕಥೆ ನಾಲ್ವರದಲ್ಲ, ಸೋಲುತ್ತಿರುವ ಪಾಲ್ ಎಂಬೊಬ್ಬನದೆಂಬುದು ಸಂಕಲನದ ಮೇಜಿನ ಮುಂದೆ ಹೊಳೆಯಿತು. ಒಬ್ಬ ಬಡಪಾಯಿಯ ಸೋಲನ್ನು ಲೋಕಕ್ಕೆ ತೋರುವುದು ಸಣ್ಣ ಹೊಣೆಯಲ್ಲ. ನಗೆಪಾಟಲು ಮಾಡುವುದು ಸುಲಭವಿತ್ತು. ಚಿತ್ರ ನೋಡಿದವರಿಗೆ ಉಳಿಯುವುದು ಮರುಕ.

1969ರ ಡಿಸೆಂಬರ್ 6ರಂದು ಕ್ಯಾಲಿಫೋರ್ನಿಯದ ಆಲ್ಟಮಾಂಟ್‌ನಲ್ಲಿ ರೋಲಿಂಗ್ ಸ್ಟೋನ್ಸ್ ತಂಡವು ಹಾಡುತ್ತಿದ್ದಾಗ ಹದಿನೆಂಟರ ತರುಣನೊಬ್ಬನು ಇರಿತಕ್ಕೆ ಬಲಿಯಾದನು. ಕ್ಯಾಮೆರಾ ಅದನ್ನು ಹಿಡಿದಿತ್ತು. ‘ಗಿಮ್ಮಿ ಷೆಲ್ಟರ್’ (1970) ಚಿತ್ರದಲ್ಲಿ ಆ ದೃಶ್ಯವನ್ನು ಗಾಯಕರೇ ಸಂಕಲನದ ಮೇಜಿನೆದುರು ಕುಳಿತು ನೋಡುವುದನ್ನೂ ಸೇರಿಸಬೇಕೆಂಬ ಆಲೋಚನೆ ಜ್ವೆರಿನ್ ಅವರದು. ಫಿಲ್ಮನ್ನು ಹಿಂದಕ್ಕೆ ಸುತ್ತಿ, ನಿಧಾನಗೊಳಿಸಿ ತೋರಿಸುತ್ತಾರೆ. ಆಗ ಕತ್ತಿ ಕಾಣುತ್ತದೆ, ತರುಣನ ಕೈಯ ಪಿಸ್ತೂಲೂ ಕಾಣುತ್ತದೆ. ಆ ಮನಸ್ಸುಗಳಲ್ಲಿ ಏನಿತ್ತೆಂಬುದು ಕಾಣುವುದಿಲ್ಲ. ಕಣ್ಣಿಗೆ ಕಂಡದ್ದಷ್ಟೇ ಪೂರ್ಣ ಸತ್ಯವಲ್ಲ. ಜೋಡಿಸುವ ಕೈಗಳನ್ನು ಮರೆಮಾಡದೆ ತೋರಿಸಿದ್ದರಿಂದ ಚಿತ್ರವು ತನ್ನ ಮಿತಿಯನ್ನು ತಾನೇ ಒಪ್ಪಿಕೊಂಡಂತಾಯಿತು.

ವಾಚಕರೇ, ಈ ಕತ್ತರಿ ನಮ್ಮೆಲ್ಲರ ನಾಲಗೆಯ ಮೇಲೂ ಇದೆ. ಅಣ್ಣತಮ್ಮಂದಿರ ಆಸ್ತಿಯ ಜಗಳವನ್ನು ಪಂಚರ ಮುಂದೆ ಹೇಳುವಾಗ, ತಮ್ಮನಾಡಿದ ಬಿರುನುಡಿಯನ್ನು ಉಳಿಸಿಕೊಂಡು, ಅದಕ್ಕೆ ಕಾರಣವಾದ ನಮ್ಮ ನುಡಿಯನ್ನು ಕತ್ತರಿಸಿರುತ್ತೇವೆ. ಹೇಳಿದುದರಲ್ಲಿ ಒಂದಕ್ಷರವೂ ಸುಳ್ಳಿರುವುದಿಲ್ಲ. ಆದುದರಿಂದಲೇ ಮನಸ್ಸಾಕ್ಷಿಯೂ ಚುಚ್ಚುವುದಿಲ್ಲ. ಅಪಾಯವಿರುವುದು ಅಲ್ಲಿಯೇ.

ಇದಕ್ಕೊಂದು ಒರೆಗಲ್ಲುಂಟು. ಯಾರ ವಿಷಯವನ್ನು ಹೇಳುತ್ತಿರುವಿರೋ ಅವರೇ ಎದುರಿಗೆ ಕುಳಿತಿದ್ದರೂ ಇದೇ ಜೋಡಣೆಯಲ್ಲಿ ಹೇಳಬಲ್ಲಿರಾ? ಬಲ್ಲಿರಾದರೆ ಹೇಳಿ. ಇಲ್ಲವಾದರೆ, ಕತ್ತರಿಸಿ ಕೆಳಗೆಸೆದ ತುಣುಕನ್ನು ಎತ್ತಿಕೊಂಡು ಮತ್ತೊಮ್ಮೆ ನೋಡಿ.