ಕಡಲು ದಾಟುವುದು: ದೋಷವೋ, ಋಣವೋ

ಕೆನ್ಯಾದ ರಾಜಧಾನಿ ನೈರೋಬಿಯ ರಿವರ್‌ಸೈಡ್ ಬಡಾವಣೆಯ ಪಕ್ಕ ಹರಿಯುವ ನದಿಯಲ್ಲಿ ಸರಕಿನ ಹಡಗು ಸಾಗುವಷ್ಟು ಆಳವಿಲ್ಲ, ಕಡಲತೀರವೂ ಅಲ್ಲಿಂದ 400 ಕಿಲೋಮೀಟರಿಗೂ ಹೆಚ್ಚು ದೂರ. ಆದರೂ ಆ ನಗರ ಬಂದರಿನ ಕೂಸು. 1896ರಲ್ಲಿ ಮೊಂಬಾಸಾದಿಂದ ಹೊರಟ ಉಗಾಂಡಾ ರೈಲುಮಾರ್ಗ 1899ರಲ್ಲಿ ಈ ಜೌಗು ಬಯಲನ್ನು ಮುಟ್ಟಿದಾಗ, ಮುಂದಿನ ಕಡಿದಾದ ಏರಿಗೆ ಬೇಕಾದ ಸಾಮಗ್ರಿಯನ್ನು ಕೂಡಿಡಲು ಇಲ್ಲಿ ಡಿಪೊ ಕಟ್ಟಲಾಯಿತು, ಡಿಪೊದ ಸುತ್ತ ಊರು ಬೆಳೆಯಿತು. ಹಳಿಗಳೂ ಎಂಜಿನ್ನುಗಳೂ ಹಡಗಿನಲ್ಲಿ ಬಂದವು. ಅವುಗಳ ಹಿಂದೆ ಸುಮಾರು 32,000 ಭಾರತೀಯ ಕೂಲಿಕಾರರು, ಬಹುಪಾಲು ಪಂಜಾಬಿನವರು, ಕಡಲು ದಾಟಿ ಬಂದರು, ಅವರಲ್ಲಿ ಸುಮಾರು 2,500 ಮಂದಿ ಮಾರ್ಗ ಕಟ್ಟುವಾಗಲೇ ಪ್ರಾಣಬಿಟ್ಟರು. ಇಂಥ ನಗರದಲ್ಲಿ ನೆಲೆಸಿದ ಕನ್ನಡ ಕುಟುಂಬಗಳಿಗೆ ಸಮುದ್ರಯಾನವು ಧರ್ಮಕ್ಕೆ ಹೊಂದುವುದೇ ಎಂಬ ಹಳೆಯ ಪ್ರಶ್ನೆ ಬದುಕಿಗೇ ಸಂಬಂಧಿಸಿದ್ದು.

ಈ ಪ್ರಶ್ನೆಗೆ ಶಾಸ್ತ್ರಗಳು ಒಂದೇ ಮಾತಿನ ಉತ್ತರ ಕೊಡುವುದಿಲ್ಲ. ಬೌಧಾಯನ ಧರ್ಮಸೂತ್ರವು ಪತನೀಯಗಳನ್ನು, ಎಂದರೆ ಮನುಷ್ಯನನ್ನು ತನ್ನ ನೆಲೆಯಿಂದ ಕೆಡವುವ ಕರ್ಮಗಳನ್ನು, ಎಣಿಸುವಾಗ ಸಮುದ್ರಯಾನವನ್ನೇ ಮೊದಲು ಹೇಳುತ್ತದೆ. ಅದಕ್ಕೆ ಮಿತಾಹಾರ, ದಿನಕ್ಕೆ ಮೂರು ಸ್ನಾನ, ಹಗಲು ನಿಂತು ರಾತ್ರಿ ಕುಳಿತು ಕಳೆಯುವ ಮೂರು ವರ್ಷಗಳ ಪ್ರಾಯಶ್ಚಿತ್ತವನ್ನೂ ವಿಧಿಸುತ್ತದೆ. ಅದೇ ಗ್ರಂಥ ಸಮುದ್ರಯಾನವನ್ನು ಉತ್ತರದೇಶದವರ ರೂಢಿಗಳಲ್ಲೊಂದೆಂದೂ ಗುರುತಿಸುತ್ತದೆ. ಮನುಸ್ಮೃತಿ ಸಮುದ್ರಯಾನ ಮಾಡಿದವನನ್ನು ಶ್ರಾದ್ಧದ ಪಂಕ್ತಿಯಿಂದ ಹೊರಗಿಡುತ್ತದೆ, ಆದರೆ ಸಮುದ್ರಯಾನದಲ್ಲಿ ನುರಿತವರು ನಿಗದಿಪಡಿಸಿದ ಬಡ್ಡಿಯನ್ನು ಮಾನ್ಯ ಮಾಡುತ್ತದೆ. ಬಂದರಿನ ಗಳಿಕೆ ಬೇಕು, ಗಳಿಸಿ ತಂದವನು ಪಂಕ್ತಿಗೆ ಬೇಡ ಎಂಬ ಈ ನಿಲುವಿನಲ್ಲೇ ಸಮಸ್ಯೆಯ ಬೇರು ಇದೆ.

ನಿಷೇಧದ ಹಿಂದಿನ ಕಳವಳವನ್ನು ಹಗುರವಾಗಿ ತಳ್ಳಿಹಾಕಲಾಗದು. ಹಾಯಿಹಡಗಿನ ಕಾಲದಲ್ಲಿ ಪಶ್ಚಿಮ ಕರಾವಳಿಯಿಂದ ಈಶಾನ್ಯ ಮಾರುತ ಹಿಡಿದು ಆಫ್ರಿಕಕ್ಕೆ ಹೋದವನು ನೈಋತ್ಯ ಮಾರುತ ಬೀಸುವವರೆಗೆ ಪರದೇಶದಲ್ಲೇ ಕಾಯಬೇಕಿತ್ತು. ಅಷ್ಟು ಕಾಲ ಅಗ್ನಿಕಾರ್ಯವೂ ಆಹಾರನಿಯಮವೂ ತಪ್ಪುವುದು ಸಹಜವಾಗಿತ್ತು. ಆದ್ದರಿಂದ ದೋಷವಿದ್ದದ್ದು ಉಪ್ಪುನೀರಿನಲ್ಲಲ್ಲ, ಆಚಾರದ ಲೋಪದಲ್ಲಿ ಎಂದು ತಿಳಿಯುವುದು ಸೂಕ್ತ. ಉಗಿಹಡಗು, ಆಳನೀರಿನ ಧಕ್ಕೆ, ಕೊನೆಗೆ ವಿಮಾನ ಬಂದಮೇಲೆ ಪ್ರಯಾಣದ ಅವಧಿ ಕುಗ್ಗಿತು, ಚರ್ಚೆ ಮಾತ್ರ ಉಳಿಯಿತು. ಉಡುಪಿಯ ಅಷ್ಟಮಠಗಳು ಎರಡೆರಡು ವರ್ಷ ಸರದಿಯಲ್ಲಿ ಕೃಷ್ಣಪೂಜೆ ವಹಿಸಿಕೊಳ್ಳುವ ಪದ್ಧತಿಗೆ ಪರ್ಯಾಯವೆಂದು ಹೆಸರು. 2008ರಲ್ಲಿ ಪುತ್ತಿಗೆ ಮಠದ ಪರ್ಯಾಯ ಬಂದಾಗ, ವಿದೇಶಯಾತ್ರೆ ಮಾಡಿದ ಯತಿ ಮೂರ್ತಿಯನ್ನು ಮುಟ್ಟಿ ಪೂಜಿಸಬಹುದೇ ಎಂಬ ವಿವಾದ ಎದ್ದಿತು.

ಆ ಮೂರ್ತಿಯೇ ಕಡಲಮಾರ್ಗವಾಗಿ ಬಂದದ್ದೆಂದು ಉಡುಪಿಯ ಸಂಪ್ರದಾಯ ನಂಬುತ್ತದೆ. ದ್ವಾರಕೆಯ ಕಡೆಯಿಂದ ಬಂದ ಹಡಗು ಮಲ್ಪೆಯ ಬಳಿ ಅಪಾಯಕ್ಕೆ ಸಿಲುಕಿದಾಗ ಮಧ್ವಾಚಾರ್ಯರು ತಮ್ಮ ವಸ್ತ್ರ ಬೀಸಿ ಅದನ್ನು ದಡ ಸೇರಿಸಿದರೆಂದೂ, ಕಾಣಿಕೆಯಾಗಿ ಗೋಪೀಚಂದನದ ಹೆಂಟೆಯನ್ನಷ್ಟೇ ಕೇಳಿ ಪಡೆದರೆಂದೂ, ಅದರೊಳಗೆ ಮೂರ್ತಿಯಿತ್ತೆಂದೂ ಕಥೆ ಹೇಳುತ್ತದೆ. ಸರಕು ಕಡಿಮೆಯಿರುವ ಹಡಗು ನೀರಿನ ಮೇಲೆ ಎತ್ತರಕ್ಕೆ ತೇಲುವುದರಿಂದ ಸಣ್ಣ ಅಲೆಗೂ ವಾಲುತ್ತದೆ. ಹಾಗಾಗದಂತೆ ಕಲ್ಲನ್ನೋ ಮಣ್ಣನ್ನೋ ತಳದಲ್ಲಿ ತುಂಬಿ ಅದರ ಗುರುತ್ವಕೇಂದ್ರವನ್ನು ಕೆಳಗಿಳಿಸುವುದು ನಾವಿಕರ ವಿದ್ಯೆ, ಆ ಹೆಂಟೆಯೂ ಅಂಥ ತಳಭಾರವೇ. ಮಾರಾಟಕ್ಕಿಲ್ಲದ, ಹಡಗನ್ನು ನೆಟ್ಟಗೆ ನಿಲ್ಲಿಸುವುದಕ್ಕಷ್ಟೇ ಇದ್ದ ಮಣ್ಣಿನಲ್ಲಿ ದೈವವನ್ನು ಕಂಡ ಪರಂಪರೆ, ಹಡಗು ನಡೆಸುವ ಕೈಗಳನ್ನು ಅಶುದ್ಧವೆಂದು ಎಣಿಸುವುದು ತನ್ನ ಕಥೆಗೇ ವಿರುದ್ಧವಾಗಿ ನಡೆದಂತೆ.

ಹೀಗಾಗಿ ಸಮುದ್ರಯಾನವನ್ನು ದೋಷದ ಬದಲು ಋಣದ ದೃಷ್ಟಿಯಿಂದ ಅಳೆಯುವುದು ಹೆಚ್ಚು ನ್ಯಾಯ. ದೇವ, ಋಷಿ, ಪಿತೃ ಋಣಗಳ ಜೊತೆಗೆ ಶತಪಥ ಬ್ರಾಹ್ಮಣವು ಮನುಷ್ಯಋಣವೆಂಬ ನಾಲ್ಕನೆಯದನ್ನೂ ಹೇಳಿ, ಅದು ಅತಿಥಿಗಳಿಗೆ ಆಶ್ರಯವನ್ನೂ ಅನ್ನವನ್ನೂ ಕೊಡುವುದರಿಂದ ತೀರುತ್ತದೆ ಎನ್ನುತ್ತದೆ. ಯಾವ ಬಂದರೂ ನಿಸರ್ಗದ ಕೊಡುಗೆಯಷ್ಟೇ ಅಲ್ಲ. ಮಂಗಳೂರಿನ ಹಳೆಯ ಬಂದರಿನ ಅಳಿವೆಬಾಗಿಲಲ್ಲಿ ಮರಳದಿಬ್ಬ ಅಡ್ಡವಿದ್ದುದರಿಂದ ದೊಡ್ಡ ಹಡಗುಗಳು ಹೊರಗೆ ಲಂಗರು ಹಾಕಿ, ದೋಣಿಗಳಲ್ಲಿ ಸರಕು ಸಾಗಿಸಬೇಕಿತ್ತು. 1974ರಲ್ಲಿ ಕಾರ್ಯಾರಂಭ ಮಾಡಿದ ಪಣಂಬೂರಿನ ನವಮಂಗಳೂರು ಬಂದರಿಗಾಗಿ ನೆಲವನ್ನೇ ಅಗೆದು ಕಡಲನ್ನು ಒಳಗೆ ತರಬೇಕಾಯಿತು. ಮೊಂಬಾಸಾದ ಧಕ್ಕೆಗೂ ನೈರೋಬಿಯ ಹಳಿಗೂ ಶ್ರಮ ಸುರಿದವರು ಅನೇಕರು, ಆ ಹಳಿ ಹಾದ ನೆಲವನ್ನು ಕಳೆದುಕೊಂಡ ಆಫ್ರಿಕನ್ ಸಮುದಾಯಗಳೂ ಇವೆ. ಋಣದ ಲೆಕ್ಕದಲ್ಲಿ ಇಬ್ಬರೂ ಸೇರಬೇಕು.

ಊರಲ್ಲೇ ಉಳಿದವನು ಕಡಲಿನಿಂದ ಬಂದುದನ್ನು ಉಣ್ಣುತ್ತ ತಾನು ಶುದ್ಧನೆಂದುಕೊಂಡರೆ ಆ ಶುದ್ಧಿ ಪರರ ದುಡಿಮೆಯ ಮೇಲೆ ನಿಂತದ್ದು. ದಾಟಿ ಬಂದವನು ತನ್ನನ್ನು ತಂದವರನ್ನೂ ತಾನು ನಿಂತ ನೆಲದವರನ್ನೂ ಮರೆತರೆ ಅವನದು ನಿಜವಾದ ಲೋಪ. ಆದ್ದರಿಂದ ರಿವರ್‌ಸೈಡಿನಲ್ಲಿ ಸಂಧ್ಯಾವಂದನೆ ಮಾಡುವ ಗೃಹಸ್ಥನಿಗೆ ಇಂದು ಅಗತ್ಯವಾದ ಪ್ರಾಯಶ್ಚಿತ್ತವೆಂದರೆ ಮೂರು ವರ್ಷದ ವ್ರತವಲ್ಲ. ನೆರೆಯ ಕೆನ್ಯಾದವನನ್ನು ಸಮಾನನೆಂದು ಪಂಕ್ತಿಯಲ್ಲಿ ಕೂರಿಸಿಕೊಳ್ಳುವುದು ಮತ್ತು ದುಡಿದವನಿಗೆ ಸಲ್ಲಬೇಕಾದ ಕೂಲಿಯನ್ನು ಸಲ್ಲಿಸುವುದು.